ಪರದೆಯ ಹಿಂದಿನ ಕತ್ತರಿ: ಸಂಕಲನಗಾರ್ತಿ ರೇಣು ಸಲೂಜಾ

ನಮ್ಮ ಸಂಘಗಳ ವಾರ್ಷಿಕೋತ್ಸವದಲ್ಲಿ ನಾಟಕ ಮುಗಿದ ಮೇಲೆ ಕಲಾವಿದರನ್ನು ವೇದಿಕೆಗೆ ಕರೆದು ಹೂಗುಚ್ಛ ಕೊಡುವುದು ವಾಡಿಕೆ. ಬೆಳಕು ನೋಡಿಕೊಂಡವರು, ಪರದೆ ಎಳೆದವರ ಹೆಸರು ಬರುವುದು ವಂದನಾರ್ಪಣೆಯಲ್ಲಿ. ಆ ಹೊತ್ತಿಗೆ ಸಭಿಕರು ಊಟದ ಸಾಲಿನಲ್ಲಿರುತ್ತಾರೆ! ಸಿನಿಮಾ ಸಂಕಲನಕಾರರ ಪಾಡೂ ಹೆಚ್ಚುಕಡಿಮೆ ಹೀಗೆಯೇ. ಮುಂಬಯಿಯಲ್ಲಿ ಎರಡು ದಶಕ ದುಡಿದು, ನಾಲ್ಕು ಬಾರಿ ರಾಷ್ಟ್ರಪ್ರಶಸ್ತಿ ಪಡೆದರೂ ಸಾಮಾನ್ಯ ಪ್ರೇಕ್ಷಕರಿಗೆ ಮುಖ ಪರಿಚಯವಿಲ್ಲದೆ ಹೋದವರು ರೇಣು ಸಲೂಜಾ.

1952ರ ಜುಲೈ 5ರಂದು ಪಂಜಾಬಿ ಕುಟುಂಬವೊಂದರಲ್ಲಿ ಜನನ. ಸಹೋದರಿ ರಾಧಾ ಸಲೂಜಾ ನಟಿ. 1975ರ ತಮಿಳು ಚಿತ್ರ 'ಇದಯಕ್ಕನಿ'ಯಲ್ಲಿ ಎಂ.ಜಿ.ಆರ್. ಅವರಿಗೆ ನಾಯಕಿಯಾಗಿದ್ದವರು. ರೇಣು ಅವರಿಗೆ ನಿರ್ದೇಶಕಿಯಾಗುವ ಹಂಬಲವಿತ್ತು. ಆದರೆ ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನಲ್ಲಿ ನಿರ್ದೇಶನ ವಿಭಾಗಕ್ಕೆ ಪ್ರವೇಶ ಸಿಗಲಿಲ್ಲ. ಸಂಕಲನ ವಿಭಾಗ ಸೇರಿದರು, 1976ರಲ್ಲಿ ಪದವಿ ಪಡೆದರು. ಅವರ ವಿದ್ಯಾರ್ಥಿ ದಿನಗಳಲ್ಲಿ, 1974-75ರಲ್ಲಿ, ಆ ಸಂಸ್ಥೆಯ ಚುಕ್ಕಾಣಿ ಹಿಡಿದಿದ್ದವರು ನಮ್ಮ ಗಿರೀಶ್ ಕಾರ್ನಾಡರು.

ಆಗ ಸಂಕಲನವೆಂದರೆ ಕಂಪ್ಯೂಟರ್ ಮುಂದೆ ಕೂರುವ ಕೆಲಸವಲ್ಲ. ಸೆಕೆಂಡಿಗೆ 24 ಚೌಕಟ್ಟುಗಳು. ಸಾವಿರ ಅಡಿಯ ರೀಲು ಓಡುವುದು ಸುಮಾರು 11 ನಿಮಿಷ. ಬೇಕಾದ ಜಾಗಕ್ಕೆ ಪೆನ್ಸಿಲಿನಲ್ಲಿ ಗುರುತು ಹಾಕಿ, ಕತ್ತರಿಸಿ, ಟೇಪಿನಿಂದ ಅಂಟಿಸಿ, ಬೇರೆ ಪಟ್ಟಿಯಲ್ಲಿರುವ ಧ್ವನಿಯನ್ನು ತುಟಿಯ ಚಲನೆಗೆ ಹೊಂದಿಸಬೇಕು. ಮನಸ್ಸಿಗೆ ಬರದಿದ್ದರೆ ಬಿಚ್ಚಿ ಮತ್ತೆ ಅಂಟಿಸಬೇಕು. ಗಂಡಸರೇ ತುಂಬಿದ್ದ ಈ ಕೋಣೆಗಳಲ್ಲಿ ಹೆಣ್ಣುಮಗಳೊಬ್ಬಳು ಸಹಾಯಕಿಯಾಗಿಯಲ್ಲ, ಮುಖ್ಯ ಸಂಕಲನಗಾರ್ತಿಯಾಗಿ ಕೂರುವುದು ಅಪರೂಪದ ಮಾತಾಗಿತ್ತು.

1980ರಲ್ಲಿ ಸಯೀದ್ ಮಿರ್ಜಾ ಅವರ 'ಆಲ್ಬರ್ಟ್ ಪಿಂಟೊ ಕೋ ಗುಸ್ಸಾ ಕ್ಯೋಂ ಆತಾ ಹೈ' ಬಂತು. 1983ರಲ್ಲಿ ಗೋವಿಂದ ನಿಹಲಾನಿಯವರ 'ಅರ್ಧ ಸತ್ಯ' ಹಾಗೂ ಕುಂದನ್ ಶಾ ಅವರ 'ಜಾನೇ ಭೀ ದೋ ಯಾರೋ' ಎರಡೂ ತೆರೆಕಂಡವು. ಒಂದರಲ್ಲಿ ಪೊಲೀಸ್ ಅಧಿಕಾರಿಯೊಬ್ಬನ ಒಳಗುದಿ, ಇನ್ನೊಂದರಲ್ಲಿ ಹೊಟ್ಟೆ ಹುಣ್ಣಾಗಿಸುವ ನಗು. ಎರಡನ್ನೂ ಒಂದೇ ಕೈ ಜೋಡಿಸಿದೆಯೆಂದರೆ ನಂಬುವುದು ಕಷ್ಟ.

'ಜಾನೇ ಭೀ ದೋ ಯಾರೋ' ಎನ್‌ಎಫ್‌ಡಿಸಿ ಹಣದಲ್ಲಿ, ಏಳು ಲಕ್ಷ ರೂಪಾಯಿಯೊಳಗೆ ತಯಾರಾದ ಚಿತ್ರ. ನಿರ್ಮಾಣದ ಉಸ್ತುವಾರಿ ವಿಧು ವಿನೋದ್ ಚೋಪ್ರಾ ಅವರದ್ದು. ಮಹಾಭಾರತದ ನಾಟಕ ದೃಶ್ಯದಲ್ಲಿ ದುಃಶಾಸನನ ವೇಷವೂ ಅವರದ್ದೇ. ಕೈಯಲ್ಲಿ ಕಾಸಿಲ್ಲದ ಚಿತ್ರಗಳ ಕಥೆಯೇ ಹಾಗೆ, ನಮ್ಮ ಸಂಘದ ನಾಟಕಗಳಂತೆ. ಚಿತ್ರೀಕರಿಸಿದ್ದು ಬೇಕಾದ್ದಕ್ಕಿಂತ ಬಹಳ ಹೆಚ್ಚಾಗಿತ್ತು. ಉದ್ದ ತಗ್ಗಿಸಲು ಅನುಪಮ್ ಖೇರ್ ಅವರ 'ಡಿಸ್ಕೊ ಕಿಲ್ಲರ್' ಪಾತ್ರವನ್ನೇ ಪೂರ್ತಿ ತೆಗೆಯಬೇಕಾಯಿತು. ಹೊಸ ನಟನ ಶ್ರಮ ವ್ಯರ್ಥವಾಯಿತೆಂದು ಮರುಗಬಹುದು. ಆದರೆ ಹೆಣವೊಂದು ದ್ರೌಪದಿಯಾಗಿ ರಂಗಕ್ಕೆ ಬಂದು, ಹಿಂದೆಯೇ ಒಬ್ಬೊಬ್ಬರಾಗಿ ವೇಷ ಹಾಕಿ ನುಗ್ಗುವ ಆ ಗದ್ದಲದಲ್ಲಿ ನಮಗೆ ಒಂದು ಕ್ಷಣವೂ ದಾರಿ ತಪ್ಪುವುದಿಲ್ಲ. ಯಾರ ಮುಖಕ್ಕೆ ಯಾವಾಗ ತಿರುಗಬೇಕು, ಎಷ್ಟು ಹೊತ್ತು ನಿಲ್ಲಬೇಕು ಎಂಬ ಲೆಕ್ಕ ಅಲ್ಲಿದೆ. ನಗು ಹುಟ್ಟಿದ್ದು ನಟರಿಂದ. ಅದು ಕೆಡದಂತೆ ಕಾದದ್ದು ಸಂಕಲನದ ಮೇಜು.

ಸಹಪಾಠಿ ವಿನೋದ್ ಚೋಪ್ರಾ ಅವರೊಂದಿಗಿನ ರೇಣು ಅವರ ದಾಂಪತ್ಯ ಬಹುಕಾಲ ಉಳಿಯಲಿಲ್ಲ. ಮುಂದೆ ನಿರ್ದೇಶಕ ಸುಧೀರ್ ಮಿಶ್ರಾ ಅವರ ಬಾಳಸಂಗಾತಿಯಾದರು. ಆದರೂ ಚೋಪ್ರಾ ಅವರ 'ಪರಿಂದಾ', '1942: ಎ ಲವ್ ಸ್ಟೋರಿ' ಚಿತ್ರಗಳಿಗೆ ಕತ್ತರಿ ಹಿಡಿದವರು ರೇಣು ಅವರೇ. ಮನೆ ಬೇರೆಯಾದರೂ ಕೆಲಸದ ಮೇಲಿನ ವಿಶ್ವಾಸ ಮುರಿಯಲಿಲ್ಲ. ಇದು ಇಬ್ಬರಿಗೂ ಸಲ್ಲಬೇಕಾದ ಮೆಚ್ಚುಗೆ.

1989ರ 'ಪರಿಂದಾ' ಮೊದಲ ರಾಷ್ಟ್ರಪ್ರಶಸ್ತಿ ತಂದಿತು. ನಂತರ ಮಿಶ್ರಾ ಅವರ 'ಧಾರಾವಿ', ಕೇತನ್ ಮೆಹ್ತಾ ಅವರ 'ಸರ್ದಾರ್', ವಿನಯ್ ಶುಕ್ಲಾ ಅವರ 'ಗಾಡ್‌ಮದರ್' ಚಿತ್ರಗಳಿಗೂ ಅದೇ ಗೌರವ ಸಂದಿತು. ಶೇಖರ್ ಕಪೂರ್ ಅವರ 'ಬ್ಯಾಂಡಿಟ್ ಕ್ವೀನ್', ಸುಭಾಷ್ ಘಾಯ್ ಅವರ 'ಪರದೇಸ್', ಕಮಲ ಹಾಸನ್ ಅವರ 'ಹೇ ರಾಮ್' ಕೂಡ ಅವರ ಸಂಕಲನದವೇ. ಕಲಾತ್ಮಕ, ವ್ಯಾಪಾರಿ ಎಂಬ ಭೇದ ಆ ಮೇಜಿನ ಹತ್ತಿರ ಸುಳಿಯಲಿಲ್ಲ.

ನಿರ್ದೇಶಿಸಬೇಕೆಂಬ ಹಳೆಯ ಆಸೆಯಲ್ಲಿ ಪೂರ್ಣ ಪ್ರಮಾಣದ ಕಥಾಚಿತ್ರವೊಂದು ಮೂಡಿಬರಲಿಲ್ಲ. ಕ್ಯಾನ್ಸರ್ ಪೀಡಿತರಾಗಿ 2000ದ ಆಗಸ್ಟ್ 16ರಂದು ತೀರಿಕೊಂಡಾಗ ಅವರಿಗೆ 48 ವರ್ಷ. ಫಿಲ್ಮ್ ಇನ್‌ಸ್ಟಿಟ್ಯೂಟಿನ ಹಳೆಯ ವಿದ್ಯಾರ್ಥಿಗಳು ಅವರ ಕೆಲಸದ ಕುರಿತು ಪುಸ್ತಕವೊಂದನ್ನು ಹೊರತಂದರು. ಅದಕ್ಕೆ ಅವರಿಟ್ಟ ಹೆಸರು 'ಇನ್‌ವಿಸಿಬಲ್', ಅಂದರೆ ಕಣ್ಣಿಗೆ ಕಾಣದ್ದು.