ಯಾವ ಸಂಖ್ಯೆ ಹಿಡಿದರೂ 6174: ಅಂಕಿಗಳ ಬೆನ್ನುಹತ್ತಿದ ನಾಸಿಕ್‌ನ ಶಾಲಾ ಮೇಷ್ಟ್ರು ಕಾಪ್ರೇಕರ್

ನಾಸಿಕ್ ಪಕ್ಕದ ದೇವಳಾಲಿಯಲ್ಲಿ 1930ರಿಂದ 1962ರವರೆಗೆ ಮೇಷ್ಟ್ರಾಗಿದ್ದ ದತ್ತಾತ್ರೇಯ ರಾಮಚಂದ್ರ ಕಾಪ್ರೇಕರ್ ಹುಟ್ಟಿದ್ದು 1905ರಲ್ಲಿ, ಡಹಾಣುವಿನಲ್ಲಿ. ಓದಿದ್ದು ಬಿಎಸ್ಸಿ ಅಷ್ಟೇ. ದೇಶದ ಗಣಿತಜ್ಞರು ಅವರ ಅಂಕಿಯಾಟವನ್ನು ಬಹುಕಾಲ ಹಗುರವಾಗಿಯೇ ಕಂಡರು.

ಆಟ ಸರಳ. ನಾಲ್ಕಂಕಿಯ ಸಂಖ್ಯೆಯೊಂದನ್ನು ತೆಗೆದುಕೊಳ್ಳಿ. ನಾಲ್ಕೂ ಒಂದೇ ಅಂಕಿಯಾಗಿರಬಾರದು. ಅಂಕಿಗಳನ್ನು ಇಳಿಕೆ ಕ್ರಮದಲ್ಲಿ ಬರೆದು, ಏರಿಕೆ ಕ್ರಮದ್ದನ್ನು ಕಳೆಯಿರಿ. ಉತ್ತರಕ್ಕೂ ಹಾಗೇ ಮಾಡುತ್ತಾ ಹೋದರೆ 7 ಹಂತದೊಳಗೆ 6174 ಬಂದೇ ಬರುತ್ತದೆ.

ಕೊನೆ ನಿಶ್ಚಿತ, ಹಂತಗಳ ಲೆಕ್ಕ ಮಾತ್ರ ಅದೃಷ್ಟದ್ದು. ಕಣ್ಣುಮುಚ್ಚಿ ಆರಿಸಿದ ಸಂಖ್ಯೆಗೆ ಬೇಕಾಗುವ ಹಂತಗಳೇ ಸಂಖ್ಯಾಶಾಸ್ತ್ರದ ಭಾಷೆಯಲ್ಲಿ ಯಾದೃಚ್ಛಿಕ ಚಲಕ, ಅಂದರೆ ರ‍್ಯಾಂಡಮ್ ವೇರಿಯಬಲ್. ಸೊನ್ನೆಯಿಂದ ಶುರುವಾಗುವವೂ ಸೇರಿ ಒಟ್ಟು 9,990 ಸಂಖ್ಯೆಗಳಲ್ಲಿ 2,400ಕ್ಕೆ 3 ಹಂತ ಸಾಕು, 2,184ಕ್ಕೆ ಪೂರ್ತಿ 7 ಬೇಕು. ಯಾವ ಹಂತಕ್ಕೆ ಎಷ್ಟು ಪಾಲು ಎಂಬ ಈ ಪಟ್ಟಿಯೇ ಸಂಭವನೀಯತಾ ವಿತರಣೆ.

1966ರಲ್ಲಿ ಪತ್ನಿ ತೀರಿಕೊಂಡ ಮೇಲೆ ಪಿಂಚಣಿ ಸಾಲದೆ ಮೇಷ್ಟ್ರು ಮನೆಪಾಠ ಹೇಳಿ ಬದುಕಿದರು. 1975ರಲ್ಲಿ ಅಮೆರಿಕದ ಮಾರ್ಟಿನ್ ಗಾರ್ಡನರ್ 'ಸೈಂಟಿಫಿಕ್ ಅಮೆರಿಕನ್' ಪತ್ರಿಕೆಯಲ್ಲಿ ಬರೆದ ಮೇಲೆ ಹೆಸರು ಜಗತ್ತಿಗೆ ತಲುಪಿತು. ಆಗ ಅವರಿಗೆ 70 ವರ್ಷ. 1986ರಲ್ಲಿ ನಿಧನರಾದರು.

ಅಂದಹಾಗೆ, ಅವರು ಹುಟ್ಟಿದ ಇಸವಿ 1905 ಕೂಡ 6174 ಮುಟ್ಟಲು ಪೂರ್ತಿ 7 ಹಂತ ತೆಗೆದುಕೊಳ್ಳುತ್ತದೆ.