ಲೆಸ್ ಬ್ಲ್ಯಾಂಕ್: ಹಾಡು, ಅಡುಗೆ, ದುಡಿಮೆಗಳ ಸಾಕ್ಷ್ಯಚಿತ್ರಕಾರ

ಅಮೆರಿಕದ ಜನಪದ ಸಂಗೀತವನ್ನು ಅದು ಬದುಕಿರುವ ನೆಲೆಯಲ್ಲಿಯೇ ದಾಖಲಿಸಿದ ಸಾಕ್ಷ್ಯಚಿತ್ರಕಾರರಲ್ಲಿ ಲೆಸ್ ಬ್ಲ್ಯಾಂಕ್ ಪ್ರಮುಖರು. 1935ರಲ್ಲಿ ಫ್ಲಾರಿಡಾದ ಟ್ಯಾಂಪಾದಲ್ಲಿ ಜನಿಸಿದ ಅವರು ನ್ಯೂ ಆರ್ಲಿಯನ್ಸ್‌ನ ತುಲೇನ್ ವಿಶ್ವವಿದ್ಯಾಲಯದಲ್ಲಿ ಇಂಗ್ಲಿಷ್ ಸಾಹಿತ್ಯವನ್ನೂ ಅನಂತರ ಲಾಸ್ ಏಂಜಲಿಸ್‌ನಲ್ಲಿ ಚಲನಚಿತ್ರ ಕಲೆಯನ್ನೂ ಅಭ್ಯಾಸ ಮಾಡಿದರು. ಜೀವನೋಪಾಯಕ್ಕಾಗಿ ಉದ್ಯಮಗಳ ಚಿತ್ರಗಳನ್ನು ತಯಾರಿಸುತ್ತಿದ್ದ ಬ್ಲ್ಯಾಂಕ್ 1967ರಲ್ಲಿ ಫ್ಲವರ್ ಫಿಲ್ಮ್ಸ್ ಎಂಬ ಸ್ವಂತ ಸಂಸ್ಥೆಯನ್ನು ಸ್ಥಾಪಿಸಿದರು.

ಟೆಕ್ಸಾಸ್‌ನ ಬ್ಲೂಸ್ ಗಾಯಕ ಲೈಟ್ನಿನ್ ಹಾಪ್ಕಿನ್ಸ್, ಲೂಯಿಸಿಯಾನದ ಕಪ್ಪು ಕ್ರಿಯೋಲ್ ಸಮುದಾಯದ ಅಕಾರ್ಡಿಯನ್ ವಾದಕ ಕ್ಲಿಫ್ಟನ್ ಶೆನಿಯರ್ ಮೊದಲಾದವರನ್ನು ಕುರಿತ ಅವರ ಚಿತ್ರಗಳಲ್ಲಿ ವೇದಿಕೆಗಿಂತ ಬೀದಿ, ಅಂಗಳ, ಅಡುಗೆಮನೆಗಳಿಗೆ ಹೆಚ್ಚಿನ ಸ್ಥಾನವಿದೆ. 1976ರ 'ಚುಲಾಸ್ ಫ್ರಾಂಟೆರಾಸ್' ಟೆಕ್ಸಾಸ್-ಮೆಕ್ಸಿಕೋ ಗಡಿನಾಡಿನ ಸಂಗೀತವನ್ನು ವಲಸೆ ಕೃಷಿಕಾರ್ಮಿಕರ ಬವಣೆಯೊಂದಿಗೆ ಬೆಸೆಯುತ್ತದೆ. ಗಾಯಕಿ ಲಿಡಿಯಾ ಮೆಂಡೋಜಾ ಅದರಲ್ಲಿ ಹಾಡುವುದಷ್ಟೇ ಅಲ್ಲ, ಮನೆಯವರೊಡನೆ ತಮಾಲೆಯೆಂಬ ಜೋಳದ ಕಡುಬನ್ನೂ ಮಾಡುತ್ತಾರೆ. 1993ರಲ್ಲಿ ಈ ಚಿತ್ರ ಅಮೆರಿಕದ ರಾಷ್ಟ್ರೀಯ ಚಲನಚಿತ್ರ ದಾಖಲೆಗೆ ಸೇರಿತು.

ಆದರೆ ಪ್ರಸಿದ್ಧಿಯ ಲೋಕದಲ್ಲಿ ಈ ವಿಧಾನಕ್ಕೆ ತಡೆಯುಂಟಾಯಿತು. ರಾಕ್ ಗಾಯಕ ಲಿಯಾನ್ ರಸೆಲ್ ಅವರನ್ನು ಕುರಿತ ಚಿತ್ರ 1974ರಲ್ಲಿ ಸಿದ್ಧವಾಯಿತು. ಗಾಯಕನಷ್ಟೇ ಗಮನವನ್ನು ಸುತ್ತಲಿನ ಒಕ್ಲಹೋಮಾದ ಜನರಿಗೂ ಅದು ನೀಡಿತ್ತು. ರಸೆಲ್ ಬಿಡುಗಡೆಗೆ ಒಪ್ಪಲಿಲ್ಲ. ಸೀಮಿತ ಪ್ರದರ್ಶನಗಳ ಹೊರತು ಚಿತ್ರ ನಾಲ್ಕು ದಶಕ ಮರೆಯಲ್ಲೇ ಉಳಿಯಿತು. 2013ರಲ್ಲಿ ಬ್ಲ್ಯಾಂಕ್ ನಿಧನರಾದರು. ಅವರ ಮಗನ ಪ್ರಯತ್ನದಿಂದ 2015ರಲ್ಲಿ ಅದು ತೆರೆಕಂಡಿತು.

ದಾಖಲಾದ ಬದುಕಿನ ಮೇಲೆ ಯಾರ ಹಕ್ಕು ಹೆಚ್ಚು, ಹಾಡಿದವರದೋ ದಾಖಲಿಸಿದವರದೋ ಎಂಬುದು ಕ್ಷೇತ್ರಕಾರ್ಯದಲ್ಲಿ ತೊಡಗುವ ಪ್ರತಿಯೊಬ್ಬರೂ ಎದುರಿಸಬೇಕಾದ ಪ್ರಶ್ನೆ. ಬ್ಲ್ಯಾಂಕ್ ಅದಕ್ಕೆ ತಮ್ಮ ಕೃತಿಯ ಮೌನವನ್ನೇ ಬೆಲೆಯಾಗಿ ತೆತ್ತರು.