ಗುರುವಿಗೆ ನಕ್ಷೆ ತೋರಿಸಿದ ವಾಸ್ತುಶಿಲ್ಪಿ: ಗ್ರೋಶ್



ವಿದ್ಯಾಸಂಸ್ಥೆ ಮೊದಲು ಹುಟ್ಟುತ್ತದೆ, ಸ್ವಂತ ಕಟ್ಟಡ ಬರುವುದು ಎಷ್ಟೋ ವರ್ಷಗಳ ನಂತರ. ಬಾಡಿಗೆ ಕೋಣೆಯಲ್ಲಿ ಶಾಲೆ ನಡೆಸಿದವರಿಗೆ ಇದು ಚೆನ್ನಾಗಿ ಗೊತ್ತು. ನಾರ್ವೆ ದೇಶದ ಮೊದಲ ವಿಶ್ವವಿದ್ಯಾಲಯವೂ ಹೀಗೆಯೇ ಬೆಳೆಯಿತು. 1811ರಲ್ಲಿ ಅದರ ಸ್ಥಾಪನೆಗೆ ಅಪ್ಪಣೆಯಾಯಿತು, 1813ರಲ್ಲಿ ಪಾಠಗಳು ಆರಂಭವಾದವು. ಆದರೆ ಅದಕ್ಕೆಂದೇ ಕಟ್ಟಿದ ಭವನಗಳು ದೊರೆಯಲು ಸುಮಾರು ನಲವತ್ತು ವರ್ಷ ಬೇಕಾಯಿತು. ಆ ಭವನಗಳನ್ನು ಕಟ್ಟಿಸಿದ ವಾಸ್ತುಶಿಲ್ಪಿ ಕ್ರಿಸ್ಟಿಯನ್ ಹೈನ್ರಿಕ್ ಗ್ರೋಶ್.

ಗ್ರೋಶ್ ಹುಟ್ಟಿದ್ದು 1801ರಲ್ಲಿ, ಡೆನ್ಮಾರ್ಕಿನ ಕೋಪನ್‌ಹೇಗನ್ ನಗರದಲ್ಲಿ. ತಂದೆ ಚಿತ್ರಕಾರರು. ಬಾಲಕನಿಗೆ ಹತ್ತು ವರ್ಷವಾದಾಗ ಕುಟುಂಬ ನಾರ್ವೆಗೆ ಬಂದು ನೆಲೆಸಿತು. 1814ರಲ್ಲಿ ನಾರ್ವೆ ಡೆನ್ಮಾರ್ಕಿನಿಂದ ಬೇರ್ಪಟ್ಟು ಸ್ವೀಡನ್ನಿನ ರಾಜನ ಅಧೀನಕ್ಕೆ ಬಂದರೂ ತನ್ನದೇ ಸಂವಿಧಾನ ಪಡೆಯಿತು. ಕ್ರಿಸ್ಟಿಯಾನಿಯಾ ಎಂಬ ಸಣ್ಣ ಪಟ್ಟಣ ರಾಜಧಾನಿಯಾಯಿತು. ಅದೇ ಇಂದಿನ ಓಸ್ಲೋ. ರಾಜಧಾನಿ ಎಂಬ ಹೆಸರೇನೋ ಬಂತು, ಅದಕ್ಕೆ ತಕ್ಕ ಕಟ್ಟಡಗಳು ಮಾತ್ರ ಇರಲಿಲ್ಲ.

ಕೋಪನ್‌ಹೇಗನ್ನಿನ ಕಲಾ ಅಕಾಡೆಮಿಯಲ್ಲಿ ಸಿ. ಎಫ್. ಹಾನ್ಸನ್ ಅವರ ಬಳಿ ಕಲಿತು ಮರಳಿದ ಗ್ರೋಶ್, ಕೆಲಕಾಲ ಅರಮನೆಯ ವಾಸ್ತುಶಿಲ್ಪಿ ಲಿನ್‌ಸ್ಟೋವ್ ಅವರಿಗೆ ಸಹಾಯಕರಾಗಿದ್ದರು. 1828ರಲ್ಲಿ ನಗರದ ಅಧಿಕೃತ ವಾಸ್ತುಶಿಲ್ಪಿಯಾದರು. ಷೇರು ವಿನಿಮಯ ಕೇಂದ್ರ, ನಾರ್ವೆ ಬ್ಯಾಂಕಿನ ಶಾಖೆ, ಖಗೋಳ ವೀಕ್ಷಣಾಲಯ ಒಂದರ ಹಿಂದೆ ಒಂದು ಎದ್ದುನಿಂತವು. ನಾಡಿನ ಊರೂರುಗಳಲ್ಲಿ ಸುಮಾರು ಎಂಬತ್ತು ಚರ್ಚುಗಳು ಅವರ ನಕ್ಷೆಯಂತೆ ಕಟ್ಟಲ್ಪಟ್ಟವು.

ಇನ್ನು ಅವರ ಬದುಕಿನ ಮುಖ್ಯ ಘಟನೆಗೆ ಬರೋಣ. ವಿಶ್ವವಿದ್ಯಾಲಯದ ನಕ್ಷೆ ಸಿದ್ಧವಾದಾಗ ಗ್ರೋಶ್‌ಗೆ ಮೂವತ್ತೇಳು ವರ್ಷ. ನಗರದಲ್ಲಿ ಅವರ ಹೆಸರು ಗಟ್ಟಿಯಾಗಿ ನಿಂತಿತ್ತು. ಆದರೂ 1838ರಲ್ಲಿ ಆ ನಕ್ಷೆ ಹಿಡಿದು ಬರ್ಲಿನ್ನಿಗೆ ಹೋದರು. ಅಲ್ಲಿ ಯುರೋಪಿನ ಪ್ರಖ್ಯಾತ ವಾಸ್ತುಶಿಲ್ಪಿ ಶಿಂಕೆಲ್ ಅವರ ಮುಂದೆ ಅದನ್ನಿಟ್ಟರು. ಶಿಂಕೆಲ್ ಹಲವು ತಿದ್ದುಪಡಿ ಮಾಡಿದರು, ವಿಶೇಷವಾಗಿ ನಡುವಿನ ಭವನದ ಮುಂಭಾಗದಲ್ಲಿ. ಗ್ರೋಶ್ ಆ ತಿದ್ದುಪಡಿಗಳನ್ನು ಸ್ವೀಕರಿಸಿದರು. 1841ರಲ್ಲಿ ಅಡಿಗಲ್ಲು ಬಿತ್ತು. 1850ರ ದಶಕದ ಆರಂಭದಲ್ಲಿ ಆ ಹೊಸ ಕಟ್ಟಡಗಳಲ್ಲಿ ಪಾಠಗಳು ನಡೆಯತೊಡಗಿದವು.

ಇದರಿಂದ ಅವರಿಗೆ ನಷ್ಟವಾಗಲಿಲ್ಲವೇ ಎಂದು ನೀವು ಕೇಳಬಹುದು. ಒಂದು ರೀತಿಯಲ್ಲಿ ಆಯಿತು. ಆ ಭವನದ ಬಗ್ಗೆ ಬರೆಯುವವರು ಇಂದಿಗೂ ಗ್ರೋಶ್ ಹೆಸರಿನ ಜೊತೆ ಶಿಂಕೆಲ್ ಹೆಸರನ್ನೂ ಸೇರಿಸಿಯೇ ಬರೆಯುತ್ತಾರೆ. ಕೀರ್ತಿ ಹಂಚಿಹೋಯಿತು, ಆದರೆ ವಿದ್ಯಾರ್ಥಿಗಳಿಗೆ ಇನ್ನಷ್ಟು ಉತ್ತಮ ಕಟ್ಟಡ ಸಿಕ್ಕಿತು. ಶಾಗಿರ್ದನಾಗಲು ಒಪ್ಪುವ ಉಸ್ತಾದರು ಎಷ್ಟು ಜನ ಇದ್ದಾರೆ, ನೀವೇ ಯೋಚಿಸಿ.

ಗ್ರೋಶ್ ಅಲ್ಲಿಗೇ ಕಲಿಯುವುದನ್ನು ನಿಲ್ಲಿಸಲಿಲ್ಲ. ಬಿಳಿ ಗಾರೆಯ ಶೈಲಿ ಬಿಟ್ಟು, ಗಾರೆಯಿಲ್ಲದ ಕೆಂಪು ಇಟ್ಟಿಗೆಯಲ್ಲಿ ಹೊಸ ಪ್ರಯೋಗ ಮಾಡಿದರು. ಓಸ್ಲೋ ಕೆಥೆಡ್ರಲ್ ಹಿಂದೆ ಕಮಾನುಗಳ ಸಾಲಿನಲ್ಲಿ ಮಾಂಸದಂಗಡಿಗಳನ್ನು ಕಟ್ಟಿದರು. ಅದಕ್ಕೆ ಅಲ್ಲಿನ ಜನರಿಟ್ಟ ಹೆಸರು ‘ಬಸಾರ್’. ನಮ್ಮ ಉರ್ದುವಿನ ‘ಬಾಜಾರ್’ ಎಂಬ ಫಾರಸಿ ಮಾತೇ ಅಷ್ಟು ದೂರ ಸಾಗಿದೆ!

1865ರಲ್ಲಿ ಗ್ರೋಶ್ ನಿಧನರಾದರು. 1911ರಲ್ಲಿ, ಸ್ಥಾಪನೆಯ ಶತಮಾನೋತ್ಸವದ ಹೊತ್ತಿಗೆ, ಅವರ ಭವನಕ್ಕೆ ಇನ್ನೊಬ್ಬ ವಾಸ್ತುಶಿಲ್ಪಿ ಸಭಾಂಗಣ ಸೇರಿಸಿದರು. 1979ರಲ್ಲಿ ಕೋಲ್ಕತ್ತಾದ ಮದರ್ ತೆರೇಸಾ ಶಾಂತಿ ನೊಬೆಲ್ ಸ್ವೀಕರಿಸಿದ್ದು ಅಲ್ಲಿಯೇ.

ವಿದ್ಯಾರ್ಥಿಗಳೇ, ನಿಮ್ಮ ಉತ್ತರಪತ್ರಿಕೆಯಲ್ಲಿ ಕೆಂಪು ಶಾಯಿ ಕಂಡಾಗ ಮನ ನೋಯುವುದು ಸಹಜ. ಆಗ ನಕ್ಷೆಯನ್ನು ಬಗಲಲ್ಲಿಟ್ಟುಕೊಂಡು ಬರ್ಲಿನ್ನಿಗೆ ಹೊರಟ ಗ್ರೋಶ್ ಅವರನ್ನು ನೆನಪಿಸಿಕೊಳ್ಳಿ. ತಿದ್ದಿಸಿಕೊಂಡ ಆ ಕಟ್ಟಡ ಇಂದಿಗೂ ನಿಂತಿದೆ.